ಎರಡು ಹಾಡಿನ ನಡುವೆ ನಿಂತವಳು

ಲೇ ದೋಸ್ತಾ,

ಬನಶಂಕರಿ ಜಾತ್ರೆ ಮುಗಿಸಿ ಬಂದು ಫೋನ್ ಮಾಡಿದಾಗ ನೀನು ಗೊಣಗಿದ್ದೇ ಗೊಣಗಿದ್ದು, ನನಗೆ ನಡುವೆ ಬಾಯಿ ಹಾಕಲಿಕ್ಕೂ ಆಗಲಿಲ್ಲ. ಅದಕ್ಕೇ ಈ ಪತ್ರ. ಕಂಪನಿ ನಾಟಕದಲ್ಲಿ ಪಾರ್ಟು ಮಾಡುವವನನ್ನು ಈ ಸಲ ರಸಮಂಜರಿಯಲ್ಲಿ ಮೈಕ್ ಕೊಟ್ಟು, ‘ಈಗ ಮುಂದಿನ ಹಾಡು’ ಅನ್ನಲಿಕ್ಕೆ ನಿಲ್ಲಿಸಿದರು ಅಂತ ನಿನ್ನ ಸಂಕಟ. ಗಾಯಕಿಯ ಗಾಡಿ ಜಾತ್ರೆಯ ಗದ್ದಲದಲ್ಲಿ ಸಿಕ್ಕಿಬಿದ್ದಾಗ ಇಪ್ಪತ್ತು ನಿಮಿಷ ಒಬ್ಬನೇ ಜನರನ್ನು ಹಿಡಿದು ಕೂಡಿಸಿದೆಯಲ್ಲ, ಅದನ್ನು ಮಾತ್ರ ಬೈಗುಳದ ನಡುವೆ ಸುಮ್ನೆ ಹೇಳಿ ಬಿಟ್ಟೆ.

ಆಗ ನನಗೆ ಅಮೆರಿಕದ ಟಿವಿಯಲ್ಲಿ ಹಾಡುಗಳ ನಡುವೆ ಬಂದು ಮಾತಾಡುತ್ತಿದ್ದ ನೀನಾ ಬ್ಲ್ಯಾಕ್‌ವುಡ್ ನೆನಪಾದಳು. ನೀನು ಹೆಸರು ಕೇಳಿರಲಿಕ್ಕಿಲ್ಲ. ನನಗೂ ಈ ನವನಗರದ ಮನೆಯಲ್ಲಿ ನಿದ್ದೆ ಬಾರದ ರಾತ್ರಿ ಯೂಟ್ಯೂಬ್ ತಿರುವುವಾಗ ಸಿಕ್ಕವಳು. ಹರವಿದ ಹೊಂಬಣ್ಣದ ಕೂದಲು, ನೆಗಡಿ ಬಂದವರ ಹಾಗೆ ಒಡೆದ ದನಿ. ಹಾರ್ಪ್ ಅನ್ನುವ ತಂತಿವಾದ್ಯ ಕೂಡ ನುಡಿಸುತ್ತಾಳೆ. ಅವಳೂ ನಿನ್ನ ಹಾಗೇ ನಟಿ ಆಗಬೇಕು ಅಂತ ಹೊರಟವಳು. 1982ರಲ್ಲಿ ಬಂದ ‘ವೈಸ್ ಸ್ಕ್ವಾಡ್’ ಸಿನಿಮಾದಲ್ಲಿ ಜಿಂಜರ್ ಅನ್ನುವ ಪಾತ್ರ ಮಾಡಿದ್ದಾಳೆ. ಕಥೆ ಶುರುವಾಗಿ ಸ್ವಲ್ಪ ಹೊತ್ತಿಗೇ ಕೊಲೆಯಾಗಿಬಿಡುತ್ತಾಳೆ, ಅಷ್ಟೇ ಪಾರ್ಟು.

ಆದರೆ ಅಷ್ಟೊತ್ತಿಗೆ ಅವಳ ಮುಖ ಬೇರೆ ಕಡೆ ಮನೆಮಾತಾಗುತ್ತಿತ್ತು. 1981ರ ಆಗಸ್ಟ್ 1, ರಾತ್ರಿ 12 ದಾಟಿ ಒಂದು ನಿಮಿಷಕ್ಕೆ ಅಮೆರಿಕದಲ್ಲಿ ಎಂಟಿವಿ ಶುರುವಾಯಿತು. ದಿನವಿಡೀ ಬರೀ ಹಾಡಿನ ವಿಡಿಯೋ, ಅದರಲ್ಲೂ ರಾಕ್ ಜಾಸ್ತಿ. ನಡುನಡುವೆ ಬಂದು ಮಾತಾಡಲಿಕ್ಕೆ ಐದು ಜನ, ವೀಜೆ, ಅಂದರೆ ವಿಡಿಯೋ ಜಾಕಿ, ಅಂತ ಕರೆದರು. ಅವರಲ್ಲಿ ನೀನಾ ಒಬ್ಬಳು. ಮಜಾ ಕೇಳು, ಚಾನೆಲ್ ಮಾಡಿದವರು ನ್ಯೂಯಾರ್ಕಿನಲ್ಲಿ, ಅಲ್ಲಿಯ ಕೇಬಲ್‌ನಲ್ಲಿ ಅದು ಬರುತ್ತಿರಲಿಲ್ಲ. ತಮ್ಮದೇ ಚಾನೆಲ್ ನೋಡಲಿಕ್ಕೆ ಎಲ್ಲರೂ ನದಿ ದಾಟಿ ನ್ಯೂಜೆರ್ಸಿಯ ಒಂದು ಹೋಟೆಲಿಗೆ ಹೋಗಿ ಕೂತಿದ್ದರು! ಮೇಲಿಂದ ಮೊದಲ ರಾತ್ರಿಯೇ ಟೇಪುಗಳ ಸರದಿ ತಪ್ಪಿತು. ಇವರ ಮಾತೊಂದು, ಬರುವ ಹಾಡೊಂದು. ನಮ್ಮ ಜಾತ್ರೆಯ ಸ್ಟೇಜಿನಲ್ಲಿ ಆಗುವುದೂ ಇದೇ ಅಲ್ವಾ?

ನಿನಗೆ ಹೇಳಬೇಕಾದದ್ದು ಇಲ್ಲಿದೆ. ಅವರು ಮಾತಾಡುವಾಗ ಎದುರಿಗೆ ಹಾಡೂ ಇಲ್ಲ, ಜನವೂ ಇಲ್ಲ. ಮೊದಲೇ ಸ್ಟುಡಿಯೋದಲ್ಲಿ ಮಾತು ರೆಕಾರ್ಡ್ ಮಾಡುತ್ತಿದ್ದರು, ಹಾಡನ್ನು ಆಮೇಲೆ ಜೋಡಿಸುತ್ತಿದ್ದರು. ಖಾಲಿ ಕ್ಯಾಮೆರಾ ನೋಡಿಕೊಂಡು, ಈಗ ತಾನೇ ಹಾಡು ಕೇಳಿ ಖುಷಿಯಾದವರ ಹಾಗೆ ನಗಬೇಕು. ಅದು ನಟನೆ ಅಲ್ಲದೆ ಮತ್ತೇನೋ? ನನಗಂತೂ ಆ ಸಿನಿಮಾದ ಜಿಂಜರ್‌ಗಿಂತ ಈ ನೀನಾನೇ ದೊಡ್ಡ ನಟಿ ಅನ್ನಿಸುತ್ತಾಳೆ.

1986ರಲ್ಲಿ ಎಂಟಿವಿ ಬಿಟ್ಟಳು. ಆಮೇಲೆ ‘ಸಾಲಿಡ್ ಗೋಲ್ಡ್’ ಅನ್ನುವ ಟಿವಿ ಶೋ, ಕೊನೆಗೆ ರೇಡಿಯೋ. 80ರ ದಶಕದ ಹಾಡುಗಳ ನಡುವೆ ಮತ್ತೆ ಅದೇ ಒಡೆದ ದನಿ. ಹಳೇ ಜೊತೆಗಾರರ ಜೊತೆ ಸೇರಿ 2013ರಲ್ಲಿ ಒಂದು ಪುಸ್ತಕವನ್ನೂ ತಂದಳು.

ಪಾರ್ಟು ಸಿಗಲಿಲ್ಲ ಅಂತ ನಿನಗೆ ಬೇಸರ ಇರಲಿ, ಬೇಡ ಅನ್ನೋದಿಲ್ಲ. ಆದರೆ ಆ ಇಪ್ಪತ್ತು ನಿಮಿಷ ಯಾರಾದರೂ ಮೊಬೈಲಿನಲ್ಲಿ ಹಿಡಿದಿರಬೇಕಲ್ಲ, ಹುಡುಕಿ ಕಳಿಸು. ನೋಡಬೇಕು ನಾನು.

ನಿನ್ನ ದೋಸ್ತ,
ಬಾಗಲಕೋಟೆಯಿಂದ