ಹಾಡು ಪುಟ್ಟಿ, ಆದರೆ ಯಾರ ಮೇಲಿನ ಸಿಟ್ಟು ಅಂತ ತಿಳಿದು ಹಾಡು

ಪ್ರೀತಿಯ ಪುಟ್ಟಿ,

ನಿನ್ನ ಮೆಸೇಜು ಓದಿದೆ. ಕಾಲೇಜು ಫೆಸ್ಟ್‌ನಲ್ಲಿ ನಿಮ್ಮ ಬ್ಯಾಂಡ್ ‘ಕಿಲ್ಲಿಂಗ್ ಇನ್ ದಿ ನೇಮ್’ ಹಾಡಬಹುದು, ಆದರೆ ಕೊನೆಯ ಬೈಗುಳ ತೆಗೆಯಲೇಬೇಕು ಅಂದಿದ್ದಾರೆ ಕಮಿಟಿಯವರು. ಒಪ್ಪಿಕೊಳ್ಳಲಾ, ಬೇರೆ ಹಾಡು ಹಿಡಿಯಲಾ ಅಂತ ಕೇಳಿದ್ದೀಯ. ಫೋನಿನಲ್ಲಿ ಎರಡು ಮಾತಿಗೆ ಮುಗಿಯುವ ವಿಷಯ ಇದಲ್ಲ. ಆ ಹಾಡಿರುವ, ರೇಜ್ ಅಗೇನ್ಸ್ಟ್ ದಿ ಮಷೀನ್ ಎಂಬ ಅಮೆರಿಕದ ರಾಕ್ ಬ್ಯಾಂಡಿನ ಮೊದಲ ಆಲ್ಬಂ ಅಂದರೆ ನನಗೆ ಎಷ್ಟು ಇಷ್ಟ ಅಂತ ನಿನಗೆ ಗೊತ್ತು.

ನಾನು ಅದನ್ನು ಕೇಳಿದ್ದು ಹಾಸ್ಟೆಲಿನಲ್ಲಿ, ಯಾರದೋ ಕ್ಯಾಸೆಟ್‌ನಿಂದ ಕಾಪಿ ಮಾಡಿಕೊಂಡ ಟೇಪಿನಲ್ಲಿ. ಅದಕ್ಕೆ ಕವರ್ ಇರಲಿಲ್ಲ, ಹಾಡಿನ ಸಾಲುಗಳೂ ಇರಲಿಲ್ಲ. ಅರ್ಥ ಆಗುವ ಮೊದಲೇ ಮೈ ಜುಮ್ಮೆನ್ನಿಸುತ್ತಿತ್ತು. ಅರ್ಥ ಆದ ಮೇಲೆ ಅದು ನನ್ನನ್ನು ಇನ್ನೂ ಗಟ್ಟಿಯಾಗಿ ಹಿಡಿಯಿತು.

1991ರ ಮಾರ್ಚಿನಲ್ಲಿ ಲಾಸ್ ಏಂಜಲಿಸ್ ಪೊಲೀಸರು ರಾಡ್ನಿ ಕಿಂಗ್ ಎಂಬ ಕಪ್ಪು ಯುವಕನನ್ನು ರಸ್ತೆಯಲ್ಲಿ ಕೆಡವಿ ಲಾಠಿಯಿಂದ ಬಡಿದರು. ಹತ್ತಿರದ ಬಾಲ್ಕನಿಯಿಂದ ಒಬ್ಬರು ಅದನ್ನು ವಿಡಿಯೊ ಮಾಡಿದ್ದರಿಂದ ಲೋಕಕ್ಕೆ ಗೊತ್ತಾಯಿತು. ಅದೇ ವರ್ಷ, ಅದೇ ಊರಿನಲ್ಲಿ ಈ ಬ್ಯಾಂಡಿನ ನಾಲ್ವರು ಕೂಡಿದರು: ಹಾಡಲು ಝಾಕ್ ಡೆ ಲಾ ರೋಚಾ, ಗಿಟಾರಿಗೆ ಟಾಮ್ ಮೊರೆಲ್ಲೊ, ಬೇಸ್‌ಗೆ ಟಿಮ್ ಕಮರ್‌ಫರ್ಡ್, ಡ್ರಮ್ಸ್‌ಗೆ ಬ್ರಾಡ್ ವಿಲ್ಕ್. 1992ರ ಏಪ್ರಿಲ್ 29ರಂದು ತೀರ್ಪು ಪೊಲೀಸರ ಪರವಾಗಿ ಬಂತು. ಊರು ಹೊತ್ತಿ ಉರಿಯಿತು, 60ಕ್ಕೂ ಹೆಚ್ಚು ಜನ ಸತ್ತರು. ನವೆಂಬರಿನಲ್ಲಿ ಆಲ್ಬಂ ಹೊರಬಂತು.

ಈಗ ನಿಮ್ಮ ಹಾಡಿನ ಮೊದಲ ಭಾಗ ನೋಡು. ಕಪ್ಪು ಜನರನ್ನು ಹೆದರಿಸಲು ಶಿಲುಬೆ ಸುಡುತ್ತಿದ್ದ ಕೂ ಕ್ಲಕ್ಸ್ ಕ್ಲಾನ್‌ನವರಲ್ಲೂ ಪೊಲೀಸ್ ಪಡೆಯಲ್ಲಿರುವವರಲ್ಲೂ ಕೆಲವರು ಒಂದೇ ಮಂದಿ ಅನ್ನುತ್ತಾನೆ ಝಾಕ್. ಇಡೀ ಹಾಡಿನಲ್ಲಿರುವುದು ಬೆರಳೆಣಿಕೆಯ ಸಾಲು. ಅವನ್ನೇ ಮತ್ತೆ ಮತ್ತೆ ಹೇಳುತ್ತಾ, ತಗ್ಗಿದ ದನಿಯಿಂದ ಗಂಟಲು ಹರಿಯುವವರೆಗೆ ಏರಿಸುತ್ತಾನೆ. ಕೊನೆಯಲ್ಲಿ 16 ಸಲ ಬರುವುದು ನೀನು ಹೇಳಿದ್ದನ್ನು ನಾನು ಮಾಡೋಲ್ಲ ಅನ್ನುವ ನಿರಾಕರಣೆ. ಬೈಗುಳ ಅದರ ಜೊತೆಗೆ ಬರುತ್ತದೆ ಅಷ್ಟೆ. ಕಮಿಟಿಯವರ ಕಣ್ಣಿಗೆ ಬಿದ್ದದ್ದು ಬೈಗುಳ ಮಾತ್ರ, ಪೊಲೀಸರ ಬಗ್ಗೆ ಹೇಳಿದ ಮಾತು ಯಾರಿಗೂ ಕೇಳಿಸಿಲ್ಲ. ನನಗೆ ಚಿಂತೆ ಇರುವುದು ಅಲ್ಲೇ.

ಈ ಜಗಳ ಹೊಸದಲ್ಲ. 1993ರಲ್ಲಿ ಬಿಬಿಸಿ ರೇಡಿಯೊದ ಟಾಪ್ 40 ಕಾರ್ಯಕ್ರಮದಲ್ಲಿ ಕಣ್ತಪ್ಪಿನಿಂದ ಬೈಗುಳವಿದ್ದ ಪ್ರತಿಯೇ ಪೂರ್ತಿ ಪ್ರಸಾರವಾಗಿ ದೂರುಗಳು ಬಂದಿದ್ದವು. 2009ರಲ್ಲಂತೂ ಬ್ರಿಟನ್ನಿನ ದಂಪತಿಯೊಬ್ಬರು, ಕ್ರಿಸ್‌ಮಸ್ ವಾರದ ನಂಬರ್ ಒನ್ ಸ್ಥಾನ ಪ್ರತಿ ವರ್ಷ ಒಂದೇ ಟಿವಿ ಶೋ ಗೆದ್ದವರ ಪಾಲಾಗುತ್ತಿದೆಯಲ್ಲ ಅಂತ ಬೇಸತ್ತು, ಈ 17 ವರ್ಷ ಹಳೆಯ ಹಾಡು ಕೊಳ್ಳಿ ಅಂತ ಫೇಸ್‌ಬುಕ್‌ನಲ್ಲಿ ಕರೆ ಕೊಟ್ಟರು. ಒಂದೇ ವಾರದಲ್ಲಿ 5 ಲಕ್ಷಕ್ಕೂ ಹೆಚ್ಚು ಪ್ರತಿ ಹೋಯಿತು, ಹಾಡು ಗೆದ್ದಿತು. ಆ ದಿನಗಳಲ್ಲೇ ಬಿಬಿಸಿ ಬ್ಯಾಂಡಿನವರನ್ನು ನೇರಪ್ರಸಾರಕ್ಕೆ ಕರೆದು, ಬೈಯಬೇಡಿ ಅಂತ ಕೇಳಿಕೊಂಡಿತ್ತು. ಸ್ವಲ್ಪ ಹೊತ್ತು ತಡೆದುಕೊಂಡು ಝಾಕ್ ಬೈದೇಬಿಟ್ಟ, ಅವರು ಪ್ರಸಾರ ನಿಲ್ಲಿಸಿದರು. ಮರುವರ್ಷ ಬ್ಯಾಂಡಿನವರು ಲಂಡನ್ನಿನಲ್ಲಿ ಜನರಿಗೆ ಉಚಿತವಾಗಿ ಹಾಡಿದರು.

ಟಾಮ್‌ನ ಅಮ್ಮನ ಬಗ್ಗೆ ನಿನಗೆ ಹೇಳಲೇಬೇಕು. ಮೇರಿ ಮೊರೆಲ್ಲೊ ಇಲಿನಾಯ್ ರಾಜ್ಯದ ಲಿಬರ್ಟಿವಿಲ್‌ನಲ್ಲಿ ಹೈಸ್ಕೂಲು ಟೀಚರ್ ಆಗಿದ್ದವರು. ಟಾಮ್‌ನ ತಂದೆ ಕೆನ್ಯಾದವರು. ಮಗನನ್ನು ಆಕೆ ಒಬ್ಬರೇ ಬೆಳೆಸಿದರು, ಅವನು ಹಾರ್ವರ್ಡ್‌ನಲ್ಲಿ ಓದಿದ. ಹಾಡುಗಳ ಮೇಲೆ ಎಚ್ಚರಿಕೆಯ ಚೀಟಿ ಅಂಟಿಸಿ ಅಂತ ಅಮೆರಿಕದ ಪೋಷಕರ ಗುಂಪೊಂದು ಹೋರಾಡುತ್ತಿದ್ದ ಕಾಲದಲ್ಲಿ, 1987ರಲ್ಲಿ, ಈ ತಾಯಿ ರಾಕ್ ಮತ್ತು ರ‍್ಯಾಪ್ ಸಂಗೀತದ ಪರವಾಗಿ ನಿಲ್ಲುವ ಪೋಷಕರ ಸಂಘ ಕಟ್ಟಿದರು. ನನಗೆ ಆಕೆ ತುಂಬಾ ದೊಡ್ಡವರಾಗಿ ಕಾಣುತ್ತಾರೆ. ಮಕ್ಕಳ ಕಿವಿಗೆ ಏನು ಬೀಳಬೇಕು ಅನ್ನುವ ಚರ್ಚೆಯಲ್ಲಿ ಅಪ್ಪ ಅಮ್ಮಂದಿರೆಲ್ಲ ಒಂದೇ ಪಕ್ಷ ಅಲ್ಲ ಅಂತ ತೋರಿಸಿದರಲ್ಲ.

ಇನ್ನು ಆಲ್ಬಂನ ಮುಖಪುಟ. ನಾನು ಅದನ್ನು ನೋಡಿದ್ದು ಹಾಡುಗಳು ಬಾಯಿಪಾಠವಾದ ಎಷ್ಟೋ ಕಾಲದ ಮೇಲೆ. ದಕ್ಷಿಣ ವಿಯೆಟ್ನಾಮಿನಲ್ಲಿ ಡಿಯೆಮ್ ಸರ್ಕಾರ ಬೌದ್ಧರ ಧ್ವಜವನ್ನು ತಡೆದಿತ್ತು. ಅದನ್ನು ವಿರೋಧಿಸಿದವರ ಮೇಲೆ ಹ್ಯೂ ನಗರದಲ್ಲಿ ಗುಂಡು ಹಾರಿ ಜನ ಸತ್ತಿದ್ದರು. 1963ರ ಜೂನ್ 11ರಂದು ಸೈಗಾನಿನ ನಡುರಸ್ತೆಯಲ್ಲಿ ಥಿಚ್ ಕ್ವಾಂಗ್ ಡುಕ್ ಎಂಬ ಭಿಕ್ಷು ಪದ್ಮಾಸನ ಹಾಕಿ ಕೂತು, ಮೈಗೆ ಪೆಟ್ರೋಲ್ ಸುರಿಸಿಕೊಂಡು ಬೆಂಕಿ ಹಚ್ಚಿಕೊಂಡರು. ಮುಖಪುಟದಲ್ಲಿರುವುದು ಆ ಕ್ಷಣದ, ಅಸೋಸಿಯೇಟೆಡ್ ಪ್ರೆಸ್ ಸುದ್ದಿಸಂಸ್ಥೆಯ ಮಾಲ್ಕಮ್ ಬ್ರೌನ್ ತೆಗೆದ ಚಿತ್ರ. ಉರಿಯುತ್ತಿರುವ ದೇಹ ಅಲುಗಿಲ್ಲ. ಇಷ್ಟು ಗದ್ದಲದ ಸಂಗೀತಕ್ಕೆ ಇಷ್ಟು ನಿಶ್ಚಲ ಮನುಷ್ಯನ ಚಿತ್ರ ಆರಿಸಿದ್ದು ನನ್ನನ್ನು ಇವತ್ತಿಗೂ ಕಾಡುತ್ತದೆ. ಅಂಥ ಸಾವನ್ನು ನಾನು ಯಾರಿಗೂ ಬಯಸೋಲ್ಲ, ಅದನ್ನು ಟೀ ಶರ್ಟಿನ ಮೇಲೆ ಹಾಕಿಕೊಂಡು ತಿರುಗುವುದೂ ನನಗೆ ಸೇರೋಲ್ಲ. ಆ ಚಿತ್ರವನ್ನು ಪೋಸ್ಟರಿಗೆ ಬಳಸುವ ಯೋಚನೆ ಇದ್ದರೆ ದಯವಿಟ್ಟು ಬಿಡಿ.

ಸೋನಿಯಂಥ ದೊಡ್ಡ ಕಂಪನಿಯ ಲೇಬಲ್‌ನಿಂದ ಆಲ್ಬಂ ತಂದವರು ತಮ್ಮ ಹೆಸರಿನಲ್ಲಿರುವ ಆ ಯಂತ್ರದ, ಅಂದರೆ ವ್ಯವಸ್ಥೆಯ, ವಿರುದ್ಧ ಹೇಗೆ ಹಾಡಿಯಾರು ಅಂತ ನಿನ್ನ ಗೆಳೆಯರು ಕೇಳಬಹುದು. ಕೇಳಬೇಕಾದ ಪ್ರಶ್ನೆಯೇ. ನನ್ನ ಹಾಸ್ಟೆಲಿನವರೆಗೆ ಆ ದನಿ ಬಂದದ್ದು ಆ ದಾರಿಯಿಂದಲೇ ಅನ್ನುವುದಷ್ಟೇ ನನ್ನ ಉತ್ತರ.

ಅದೇ ಆಲ್ಬಂನ ‘ಫ್ರೀಡಂ’ ಹಾಡಿನ ವಿಡಿಯೊ ನಿಮ್ಮ ಬ್ಯಾಂಡಿನವರೆಲ್ಲ ಕೂತು ನೋಡಿ. ಇಬ್ಬರು ಎಫ್‌ಬಿಐ ಏಜೆಂಟರ ಕೊಲೆ ಪ್ರಕರಣದಲ್ಲಿ 1977ರಲ್ಲಿ ಶಿಕ್ಷೆಯಾದ ಅಮೆರಿಕದ ಮೂಲನಿವಾಸಿ ಹೋರಾಟಗಾರ ಲೆನರ್ಡ್ ಪೆಲ್ಟಿಯರ್ ಕಥೆ ಅದರಲ್ಲಿದೆ. ವಿಚಾರಣೆ ನ್ಯಾಯವಾಗಿ ನಡೆಯಲಿಲ್ಲ ಅಂತ ಹಲವರು ದಶಕಗಟ್ಟಲೆ ಕೂಗಿದರು. ಪೆಲ್ಟಿಯರ್ ಜೈಲಿನಿಂದ ಹೊರಬಂದು ಗೃಹಬಂಧನಕ್ಕೆ ಹೋದದ್ದು 2025ರ ಫೆಬ್ರವರಿಯಲ್ಲಿ. ಹಾಡು ಬಂದಾಗ ಹುಟ್ಟಿದ ಮಗುವಿಗೆ ಅಷ್ಟರಲ್ಲಿ 30 ದಾಟಿತ್ತು.

ಈಗ ನಿನ್ನ ಪ್ರಶ್ನೆಗೆ ಬರುತ್ತೇನೆ. ಬೈಗುಳ ಬಿಡಿ, ಆ ಜಾಗದಲ್ಲಿ ವಾದ್ಯ ಮಾತ್ರ ನುಡಿಯಲಿ. ನಿರಾಕರಣೆಯ ಸಾಲು ಮಾತ್ರ 16 ಸಲವೂ ಪೂರ್ತಿ ಬರಲಿ. ಹಾಡುವ ಮೊದಲು ಮೈಕ್ ಹಿಡಿದು ರಾಡ್ನಿ ಕಿಂಗ್ ಯಾರು, ಶಿಲುಬೆ ಸುಡುವುದು ಅಂದರೇನು ಅಂತ ನಾಲ್ಕು ಮಾತು ಹೇಳು. ಅದನ್ನೂ ಹೇಳಬಾರದು ಅಂದರೆ ಮಾತ್ರ ಹಾಡಬೇಡಿ.

ನಿಮ್ಮ ಗಿಟಾರಿನ ಹುಡುಗನಿಗೂ ಒಂದು ಮಾತು. ಕೀಬೋರ್ಡ್, ಸಿಂಥಸೈಜರ್, ಸ್ಯಾಂಪಲ್ ಯಾವುದನ್ನೂ ಬಳಸಿಲ್ಲ ಅಂತ ಆ ಆಲ್ಬಂನಲ್ಲೇ ಅಚ್ಚಾಗಿದೆ. ಲ್ಯಾಪ್‌ಟಾಪಿನಿಂದ ಸದ್ದು ತರುವುದು ಬೇಡ. ನಿಮ್ಮ ಹಾಡಿನ ಸೋಲೊದಲ್ಲಿ ಕೇಳುವ ಆ ಕೀಚಲು ದನಿ, ಕಾಲಿನಿಂದ ಒತ್ತಿ ಸ್ವರ ಏರಿಳಿಸುವ ವ್ಯಾಮಿ ಪೆಡಲಿನದು. ಅದೇ ಆಲ್ಬಂನ ‘ನೋ ಯುವರ್ ಎನಿಮಿ’ ಹಾಡಿನ ತಡವರಿಕೆಗೆ ಗಿಟಾರಿನ ಒಂದು ಪಿಕಪ್‌ನ (ತಂತಿಯ ಸದ್ದು ಹಿಡಿಯುವ ಭಾಗ) ವಾಲ್ಯೂಮ್ ಸೊನ್ನೆಗಿಳಿಸಿ, ಇನ್ನೊಂದನ್ನು ಪೂರ್ತಿ ಏರಿಸಿ, ನಡುವಿನ ಸ್ವಿಚ್ಚನ್ನು ತಾಳಕ್ಕೆ ಸರಿಯಾಗಿ ಅತ್ತಿತ್ತ ತಟ್ಟಬೇಕು. ಪೆಡಲ್ ಬಾಡಿಗೆಗೆ ಸಿಗದಿದ್ದರೆ ಹೇಳು, ದುಡ್ಡು ಕಳಿಸುತ್ತೇನೆ. ಕಮಿಟಿಯವರು ಏನಂದರು ಅಂತ ಭಾನುವಾರ ಫೋನ್ ಮಾಡು.

ಇಂತಿ ನಿನ್ನ
ಅಮ್ಮ