ಬಂದರನ್ನು ಧಕ್ಕೆಯಲ್ಲಿ ಅಳೆಯಬೇಡಿ, ಗೇಟಿನಲ್ಲಿ ಅಳೆಯಿರಿ

ಸಂಪಾದಕರಿಗೆ,

ಮಾನ್ಯರೇ,

ಬಂದರು ವಿಸ್ತರಣೆಯ ಸುದ್ದಿ ಎಲ್ಲಿಂದ ಬಂದರೂ ಅದರಲ್ಲಿ ಎರಡು ಅಂಕಿಗಳು ತಪ್ಪುವುದಿಲ್ಲ: ಹೂಳೆತ್ತಿದ ಮೇಲೆ ಆಳ ಎಷ್ಟು ಮೀಟರ್, ಹೊಸ ಕ್ರೇನ್ ಎಷ್ಟು. ಗೇಟಿನಲ್ಲಿ ಎಷ್ಟು ಲೇನ್, ಒಳಗಿನ ರೈಲು ಹಳಿ ಎಷ್ಟುದ್ದ, ಸರದಿ ಕಾಯುವ ಲಾರಿಗಳು ನಿಲ್ಲುವುದೆಲ್ಲಿ ಎಂದು ಕೇಳುವವರು ಕಡಿಮೆ. ಬಂದರಿನ ಉಸಿರು ಕಟ್ಟುವುದು ಬಹುಮಟ್ಟಿಗೆ ಇಲ್ಲಿಯೇ.

ಲೆಕ್ಕ ಹಾಕಿ ನೋಡೋಣ. ಧಕ್ಕೆಯ, ಅಂದರೆ ಹಡಗು ತಂಗುವ ಕಟ್ಟೆಯ, ಒಂದು ಕ್ರೇನ್ ಗಂಟೆಗೆ 25ರಿಂದ 30 ಕಂಟೈನರ್ ಎತ್ತುತ್ತದೆ. ಹಡಗಿಗೆ ನಾಲ್ಕು ಕ್ರೇನ್ ಕೊಟ್ಟರೆ ಗಂಟೆಗೆ ನೂರಕ್ಕೆ ಕಡಿಮೆಯಿಲ್ಲ. ಇತ್ತ ಗೇಟಿನಲ್ಲಿ ಕಾಗದ ನೋಡಿ, ಕಂಟೈನರಿನ ಬಾಗಿಲಿಗೆ ಹಾಕಿದ ಸೀಲಿನ ಸಂಖ್ಯೆ ತಾಳೆ ಹಾಕಿ, ಒಂದು ಲಾರಿಯನ್ನು ಒಳಗೆ ಬಿಡಲು ಮೂರು ನಿಮಿಷ ಹಿಡಿದರೆ ಒಂದು ಲೇನಿನಲ್ಲಿ ಗಂಟೆಗೆ 20 ಲಾರಿ, ಐದು ಲೇನಿಗೆ 100. ಸರಿಹೋಯಿತಲ್ಲ ಎನ್ನಿಸಬಹುದು. ಆದರೆ ಕ್ರೇನ್ ರಾತ್ರಿಯೂ ದುಡಿಯುತ್ತದೆ, ಲಾರಿಗಳು ಬರುವುದು ಗೋದಾಮುಗಳು ತೆರೆದಿರುವ ಹೊತ್ತಿಗೆ. ಇಪ್ಪತ್ತನಾಲ್ಕು ಗಂಟೆ ಇಳಿಸಿದ್ದು ಹತ್ತು ಗಂಟೆಯಲ್ಲಿ ಹೊರಗೆ ಹೋಗಬೇಕು. ಇದರ ನಡುವೆ ಒಂದು ಲಾರಿಯ ಕಾಗದದಲ್ಲಿ ತಕರಾರು ಬಂದು ಅದು ಹದಿನೈದು ನಿಮಿಷ ಲೇನಿನಲ್ಲೇ ನಿಂತಿತೆಂದರೆ ಹಿಂದಿನ ಐದು ಲಾರಿಗಳ ಸರದಿ ಹೋಯಿತು. ತಕರಾರಿನ ಲಾರಿಯನ್ನು ಪಕ್ಕಕ್ಕೆ ತಿರುಗಿಸುವ ಜಾಗ ಗೇಟಿಗಿಂತ ಮುಂಚೆಯೇ ಇರಬೇಕು. ಗೇಟು ದಾಟಿದ ಮೇಲೆ ಇದ್ದರೆ ಅದು ಇದ್ದೂ ಇಲ್ಲದ ಹಾಗೆ.

ತಕರಾರುಗಳೂ ಹೊಸವೇನಲ್ಲ. ಕಂಟೈನರ್ ಸಂಖ್ಯೆಯಲ್ಲಿ ನಾಲ್ಕು ಅಕ್ಷರ, ಆರು ಅಂಕಿ, ಕೊನೆಗೆ ಒಂದು ತಾಳೆ ಅಂಕಿ ಇರುತ್ತದೆ. ಮೊದಲ ಹತ್ತು ಅಕ್ಷರ-ಅಂಕಿಗಳನ್ನು ಗುಣಿಸಿ ಕೂಡಿ ತೆಗೆದ ಆ ಕೊನೆಯ ಅಂಕಿ ಹೊಂದದಿದ್ದರೆ ಎಲ್ಲೋ ಬರೆಯುವಾಗ ತಪ್ಪಾಗಿದೆ ಎಂದೇ ಅರ್ಥ. ಮುಂಗಡವಾಗಿ ಸಂಖ್ಯೆ ತುಂಬುವ ಪರದೆಯಲ್ಲೇ ಇದನ್ನು ತಾಳೆ ನೋಡಿಸಿದರೆ ಎಷ್ಟೋ ಲಾರಿಗಳು ಗೇಟಿಗೆ ಬಂದು ಸಿಕ್ಕಿಬೀಳುವುದು ತಪ್ಪುತ್ತದೆ. ಉಳಿದಂತೆ ಕಸ್ಟಮ್ಸ್ ಬಿಡುಗಡೆ ಆಗದಿರುವುದು, ಸೀಲ್ ಸಂಖ್ಯೆ ಬೇರೆಯಾಗಿರುವುದು, ತೂಕದ ಪ್ರಮಾಣಪತ್ರ ಇಲ್ಲದಿರುವುದು.

ತೂಕದ ವಿಷಯವನ್ನು ಹಗುರವಾಗಿ ತೆಗೆದುಕೊಳ್ಳಬಾರದು. 2007ರಲ್ಲಿ ಇಂಗ್ಲಿಷ್ ಕಡಲ್ಗಾಲುವೆಯಲ್ಲಿ 'ಎಂಎಸ್‌ಸಿ ನಾಪೋಲಿ' ಹಡಗಿನ ಒಡಲು ಬಿರಿದ ಮೇಲೆ, ಡೆಕ್ಕಿನ ಮೇಲೆ ನೀರು ತಾಗದೆ ಉಳಿದಿದ್ದ ಸುಮಾರು 660 ಕಂಟೈನರ್‌ಗಳನ್ನು ತೂಗಿ ನೋಡಿದರು. 137ರಲ್ಲಿ ಕಾಗದದ ತೂಕಕ್ಕೂ ನಿಜವಾದ ತೂಕಕ್ಕೂ ಮೂರು ಟನ್ನಿಗಿಂತ ಹೆಚ್ಚು ಅಂತರವಿತ್ತು. ತುಂಬಿದ ಕಂಟೈನರಿನ ತೂಕ ದೃಢಪಡಿಸದೆ ಹಡಗಿಗೆ ಏರಿಸುವಂತಿಲ್ಲ ಎಂಬ ಅಂತರರಾಷ್ಟ್ರೀಯ ನಿಯಮ ಜಾರಿಗೆ ಬಂದದ್ದು 2016ರ ಜುಲೈ 1ರಂದು. ತುಂಬಿದ ಕಂಟೈನರನ್ನೇ ತೂಗಬಹುದು, ಇಲ್ಲವೇ ಸರಕು, ಪ್ಯಾಕಿಂಗ್, ಆಸರೆಯ ಮರಮಟ್ಟುಗಳನ್ನು ತೂಗಿ ಖಾಲಿ ಪೆಟ್ಟಿಗೆಯ ತೂಕ ಕೂಡಿಸಬಹುದು. ಲಾರಿಯನ್ನು ಸರಕಿನ ಸಮೇತ ತೂಗುವ ವೇಬ್ರಿಜ್ ಎಲ್ಲಿದೆ ಎಂಬುದೂ ಮುಖ್ಯ. ಅದನ್ನು ಗೇಟಿನ ಒಂದೇ ದಾರಿಯ ನಡುವೆ ಕೂರಿಸಿದರೆ ತೂಗಬೇಕಿಲ್ಲದ ಲಾರಿಯೂ ತೂಗುವ ಲಾರಿಯ ಹಿಂದೆ ಕಾಯುತ್ತದೆ.

ಕಂಟೈನರ್‌ಗಳನ್ನು ಇಳಿಸಿಡುವ ಯಾರ್ಡಿನ ಕತೆ ಇನ್ನೊಂದು. ಜಾಗ ಸಾಲದು ಎಂದು ಐದು ಎತ್ತರ ಪೇರಿಸುತ್ತಾರೆ. ಯಾವುದು ಮೊದಲು ಹೊರಗೆ ಹೋಗುತ್ತದೆಂದು ಗೊತ್ತಿಲ್ಲದೆ ಪೇರಿಸಿದ ಐದರಲ್ಲಿ ಒಂದನ್ನು ತೆಗೆಯಲು ಸರಾಸರಿ ಎರಡನ್ನು ಸುಮ್ಮನೆ ಎತ್ತಿ ಬದಿಗಿಡಬೇಕು. ಹಾಗೆ ಎತ್ತಿಟ್ಟದ್ದಕ್ಕೆ ಯಾರೂ ಬಾಡಿಗೆ ಕೊಡುವುದಿಲ್ಲ, ಕೆಳಗೆ ಲಾರಿ ಮಾತ್ರ ಕಾಯುತ್ತಿರುತ್ತದೆ. ಯಾರ್ಡು ನಾಲ್ಕರಲ್ಲಿ ಮೂರು ಪಾಲು ತುಂಬಿತೆಂದರೆ ಬದಿಗಿಡಲೂ ಜಾಗ ಸಿಗದೆ ಕೆಲಸ ಕುಂಟುತ್ತದೆ. ಯಾವ ಲಾರಿ ಯಾವ ಹೊತ್ತಿಗೆ, ಯಾವ ಪೆಟ್ಟಿಗೆಗೆ ಬರುತ್ತದೆಂದು ಹಿಂದಿನ ರಾತ್ರಿಯೇ ತಿಳಿದರೆ ಲಾರಿಯಿಲ್ಲದ ಹೊತ್ತಿನಲ್ಲಿ ಪೆಟ್ಟಿಗೆಗಳನ್ನು ಸರದಿಗೆ ತಕ್ಕಂತೆ ಜೋಡಿಸಿಟ್ಟುಕೊಳ್ಳಬಹುದು. ಮುಂಗಡ ಸಮಯ ಕಾಯ್ದಿರಿಸುವ ವ್ಯವಸ್ಥೆಯ ನಿಜವಾದ ಲಾಭ ಇದು. ರಸ್ತೆಯ ಸಾಲು ಕರಗುವುದು ಅದರ ಜೊತೆಗೇ ಬರುವ ಫಲ.

ರೈಲಿನ ಬಗ್ಗೆ ಎರಡು ಉದಾಹರಣೆ ಸಾಕು. ಲಾಸ್ ಏಂಜಲೀಸ್ ಮತ್ತು ಲಾಂಗ್ ಬೀಚ್ ಬಂದರುಗಳಿಂದ ನಗರದ ರೈಲು ಯಾರ್ಡುಗಳಿಗೆ 32 ಕಿ.ಮೀ. ಉದ್ದದ ಅಲಮೀಡಾ ಕಾರಿಡಾರ್ 2002ರಲ್ಲಿ ತೆರೆಯಿತು. ಅದರ ಅರ್ಧದಷ್ಟು ಹಾದಿ ರಸ್ತೆಗಿಂತ ಕೆಳಗೆ ತೋಡಿದ ಕಂದಕದಲ್ಲಿದೆ. ಸುಮಾರು 200 ಲೆವೆಲ್ ಕ್ರಾಸಿಂಗ್‌ಗಳ ತೊಂದರೆ ಒಮ್ಮೆಗೇ ಹೋಯಿತು. ರಾಟರ್‌ಡ್ಯಾಮಿನಿಂದ ಜರ್ಮನಿಯ ಗಡಿಯವರೆಗೆ ಸರಕಿಗೆಂದೇ ಹಾಕಿದ ಸುಮಾರು 160 ಕಿ.ಮೀ.ಯ ಬೆಟುವೆ ಮಾರ್ಗ 2007ರಲ್ಲಿ ಶುರುವಾಯಿತು. ಗಡಿಯ ಆಚೆಗೆ ಬೇಕಿದ್ದ ಮೂರನೇ ಹಳಿಯ ಕೆಲಸ ಮಾತ್ರ ವರ್ಷಗಟ್ಟಲೆ ಹಿಂದೆ ಬಿತ್ತು. ಹೀಗಾಗಿ ಈಚೆಯ ಹೊಸ ಹಳಿಗೆ ಪೂರ್ತಿ ಕೆಲಸ ಸಿಗಲಿಲ್ಲ. ಬಂದರಿನ ಒಳಗೂ ಇದೇ ಪಾಡು: ಮುಖ್ಯ ಹಳಿಯ ಮೇಲೆ 700 ಮೀಟರಿನ ರೈಲು ಓಡುತ್ತದೆ, ಒಳಗೆ ರೈಲು ನಿಲ್ಲಿಸುವ ಪಕ್ಕದ ಹಳಿ, ಅಂದರೆ ಸೈಡಿಂಗ್, 350 ಮೀಟರ್. ರೈಲನ್ನು ಎರಡು ತುಂಡು ಮಾಡಿ ಒಂದಾದ ಮೇಲೊಂದು ಒಳಗೆ ತಳ್ಳಬೇಕು, ಮತ್ತೆ ಜೋಡಿಸಿ ಬ್ರೇಕ್ ಪರೀಕ್ಷೆ ಮಾಡಬೇಕು. ಅಷ್ಟರಲ್ಲಿ ಲಾರಿ ಸಾಕಷ್ಟು ದೂರ ಹೋಗಿರುತ್ತದೆ.

ಇನ್ನು ವಾಹನಗಳನ್ನು ಹೊತ್ತೊಯ್ಯುವ ಫೆರಿ. ಇದರ ಸಾಮರ್ಥ್ಯ ಹೇಳುವುದು ಲೇನ್ ಮೀಟರ್‌ಗಳಲ್ಲಿ, ಅಂದರೆ ವಾಹನ ನಿಲ್ಲುವ ಸಾಲುಗಳ ಒಟ್ಟು ಉದ್ದದಲ್ಲಿ. 16.5 ಮೀಟರಿನ ಟ್ರೇಲರ್ ಲಾರಿಗೆ ನಡುವಿನ ಅಂತರ ಸೇರಿ 17.5 ಮೀಟರ್ ಹಿಡಿದರೆ 2,000 ಲೇನ್ ಮೀಟರಿನ ಫೆರಿಗೆ ನೂರಕ್ಕೂ ಮೇಲೆ ಲಾರಿ ಹಿಡಿಯುತ್ತವೆ. ಹೊರಗಿನ ಮೊದಲ ಸಿಗ್ನಲ್ ಒಂದೂವರೆ ನಿಮಿಷಕ್ಕೊಮ್ಮೆ ಹಸಿರಾಗಿ ನಾಲ್ಕು ಲಾರಿ ಬಿಟ್ಟರೆ ನೂರು ಲಾರಿ ದಾಟಲು 38 ನಿಮಿಷ. ಸಾಲಿನ ಬಾಲ ಹಡಗಿನಿಂದ ಇಳಿಯುವ ರ‍್ಯಾಂಪಿನವರೆಗೆ ಬಂದರೆ ಹಡಗು ಖಾಲಿಯಾಗುವುದೇ ನಿಲ್ಲುತ್ತದೆ. ಇದು ಸಿಗ್ನಲಿನ ಸಮಸ್ಯೆ, ಬೈಗುಳ ಮಾತ್ರ ಹಡಗಿನವರಿಗೆ.

ಹಡಗಿಗೂ ದಡಕ್ಕೂ ನಡುವೆ ಉಬ್ಬರವಿಳಿತಕ್ಕೆ ತಕ್ಕಂತೆ ಏರಿಳಿಯುವ ಸೇತುವೆಯೇ ಲಿಂಕ್‌ಸ್ಪ್ಯಾನ್. ಅದು ಹಡಗಿಗೆ ಹೊಂದದಿದ್ದರೆ ಏನಾಗುತ್ತದೆ ಎಂಬುದಕ್ಕೆ 1987ರ ಮಾರ್ಚ್ 6ರಂದು ಬೆಲ್ಜಿಯಮ್ಮಿನ ಝೀಬ್ರೂಗೆಯಲ್ಲಿ ನಡೆದದ್ದನ್ನು ನೋಡಬೇಕು. 'ಹೆರಾಲ್ಡ್ ಆಫ್ ಫ್ರೀ ಎಂಟರ್‌ಪ್ರೈಸ್' ಎಂಬ ಫೆರಿ ಮುಂಬಾಗಿಲು ತೆರೆದಿಟ್ಟುಕೊಂಡೇ ಹೊರಟು, ಬಂದರು ಬಿಟ್ಟ ಕೆಲವೇ ನಿಮಿಷಗಳಲ್ಲಿ ಮಗುಚಿ 193 ಜನ ಸತ್ತರು. ಬಾಗಿಲಿನ ಮಾತು ಎಲ್ಲರಿಗೂ ನೆನಪಿದೆ, ಸೇತುವೆಯ ಮಾತು ಕಡಿಮೆ ಜನರಿಗೆ. ಅಲ್ಲಿದ್ದುದು ಒಂದೇ ಅಂತಸ್ತಿನ ಲಿಂಕ್‌ಸ್ಪ್ಯಾನ್. ದೊಡ್ಡ ಉಬ್ಬರದಲ್ಲಿ ಅದು ಆ ಹಡಗಿನ ಮೇಲಿನ ವಾಹನ ಡೆಕ್ಕಿಗೆ ಎಟುಕುತ್ತಿರಲಿಲ್ಲ. ಅದಕ್ಕಾಗಿ ಮುಂಭಾಗದ ಟ್ಯಾಂಕುಗಳಿಗೆ ಭಾರಕ್ಕೆಂದು ಬ್ಯಾಲಾಸ್ಟ್ ನೀರು ತುಂಬಿ ಹಡಗಿನ ಮೂತಿಯನ್ನೇ ತಗ್ಗಿಸಿದ್ದರು. ಆ ನೀರನ್ನು ಪೂರ್ತಿ ಹೊರಹಾಕುವ ಮೊದಲೇ ಹಡಗು ಹೊರಟಿತು. ತಗ್ಗಿದ ಮೂತಿ ಎಬ್ಬಿಸಿದ ಅಲೆ ತೆರೆದ ಬಾಗಿಲಿನೊಳಕ್ಕೆ ನುಗ್ಗಿತು. ಹೊಸ ಫೆರಿ ತರಿಸುವ ಯಾವುದೇ ಬಂದರು ಮೊದಲು ನೋಡಬೇಕಾದದ್ದು ತನ್ನ ಅತಿ ಎತ್ತರದ ಮತ್ತು ಅತಿ ತಗ್ಗಿನ ನೀರಿನ ಮಟ್ಟದಲ್ಲಿ, ತುಂಬಿದ ಹಡಗಿಗೂ ಖಾಲಿ ಹಡಗಿಗೂ, ಸೇತುವೆಯ ಇಳಿಜಾರು ಎಷ್ಟಾಗುತ್ತದೆ ಎಂಬುದನ್ನು. ಇಳಿಜಾರು ಹೆಚ್ಚಾದರೆ ಟ್ರೇಲರಿನ ಹೊಟ್ಟೆ ಸೇತುವೆಯ ಕೀಲಿನ ಬಳಿ ನೆಲಕ್ಕೆ ತಾಗುತ್ತದೆ. ನಡೆದು ಹತ್ತುವವರಿಗೆ ಬೇರೆಯದೇ ದಾರಿ ಇರಬೇಕು. ಹಿಂದಕ್ಕೆ ತಳ್ಳಿಕೊಂಡು ಬರುವ ಟ್ರೇಲರಿನ ಚಾಲಕನಿಗೆ ಮಗುವಿನ ತಲೆ ಕಾಣುವುದಿಲ್ಲ.

ಪತ್ರಿಕೆಯವರಲ್ಲಿ ಒಂದು ವಿನಂತಿ. ಮುಂದಿನ ಸಲ ಬಂದರಿನ ವರದಿ ಮಾಡುವಾಗ ಆಳದ ಪಕ್ಕದಲ್ಲೇ ಒಂದು ಲಾರಿಯ ಕೆಲಸ ಮುಗಿಯಲು ಹಿಡಿಯುವ ಸಮಯವನ್ನೂ ಅಚ್ಚು ಮಾಡಿ. ಎಲ್ಲಿಂದ ಎಣಿಸಿದ್ದು ಎಂದು ಕೇಳಲು ಮರೆಯಬೇಡಿ. ಒಳಬಂದ ಗಳಿಗೆಯಿಂದ ಹೊರಹೋದ ಗಳಿಗೆಯವರೆಗೆ ಎಣಿಸಿದರೆ ನಲವತ್ತು ನಿಮಿಷ ಎಂಬ ಚಂದದ ಅಂಕಿ ಸಿಗಬಹುದು. ಗೇಟಿನ ಹೊರಗೆ ರಸ್ತೆಬದಿಯಲ್ಲಿ ಕಾದ ಮೂರು ಗಂಟೆ ಅದರಲ್ಲಿ ಇರುವುದಿಲ್ಲ.

– ಒಬ್ಬ ಓದುಗ