ಪಕ್ಕದ ಪಾತ್ರದವರ ಬಗ್ಗೆ ಬರೆಯೋ ಮುಂಚೆ

ಪ್ರೀತಿಯ ತಂಗಿ,

ಫ್ರೆಂಚ್ ನಟಿ ಸುಜಾನ್ ಫ್ಲೋನ್ ಬಗ್ಗೆ ನೀನು ಬರ್ದಿರೋ ಲೇಖನ ಪೂರ್ತಿ ಓದ್ದೆ. ಮಾಹಿತಿ ಎಲ್ಲಾ ಸರಿ ಇದೆ, ಎಲ್ಲೆಲ್ಲಿಂದಲೋ ಹುಡುಕಿ ತೆಗ್ದಿದೀಯ, ಖುಷಿ ಆಯ್ತು. ಆದ್ರೆ ಅದ್ರಲ್ಲಿ ಅವರು ಗಾಯಕಿ ಎಡಿತ್ ಪಿಯಾಫ್ ಸೆಕ್ರೆಟರಿ, ಆಮೇಲೆ ನಟ ಜ್ಯಾಂ ಗಾಬಾಂ ಹೆಂಡ್ತಿ ಪಾತ್ರ, ಆಮೇಲೆ ನಟಿ ಇಸಬೆಲ್ ಅಜಾನಿ ಸಿನಿಮಾದಲ್ಲಿ ಬರೋ ಮುದುಕಿ. ಪೋಷಕ ನಟಿ ಅಂದ್ಮೇಲೆ ಹಾಗೇ ಅಲ್ವಾ ಅಂತೀಯೇನೋ, ಆದ್ರೆ ಅವರ ಬಗ್ಗೆನೇ ಬರೆಯೋ ಲೇಖನದಲ್ಲೂ ಅವರನ್ನ ಪಕ್ಕಕ್ಕೆ ನಿಲ್ಸಿದ್ರೆ ಹೇಗಮ್ಮಾ?

ಆರ್ಸನ್ ವೆಲ್ಸ್ 1962ರಲ್ಲಿ ಮಾಡಿದ ‘ದಿ ಟ್ರಯಲ್’ ನೋಡು. ಅದ್ರಲ್ಲಿ ಫ್ಲೋನ್ ಬರೋದು ಸ್ವಲ್ಪ ಹೊತ್ತು ಅಷ್ಟೇ. ಖಾಲಿ ಬಯಲು, ಹಿಂದೆ ದೊಡ್ಡ ದೊಡ್ಡ ವಠಾರದಂಥ ಕಟ್ಟಡ, ಕಾಲು ಸರಿ ಇಲ್ಲದ ಹೆಂಗ್ಸೊಬ್ಬಳು ಭಾರದ ಟ್ರಂಕ್ ಎಳ್ಕೊಂಡು ಹೋಗ್ತಾ ಇರ್ತಾಳೆ, ಪಕ್ಕದಲ್ಲಿ ಹೀರೋ ಆಂಥನಿ ಪರ್ಕಿನ್ಸ್ ನಾನು ಹಿಡ್ಕೋತೀನಿ ಅಂತ ಗೋಗರೀತಾ ನಡೀತಾನೆ, ಅವಳು ಕೊಡಲ್ಲ, ಬೈಕೊಂಡೇ ಎಳೀತಾಳೆ, ಕ್ಯಾಮೆರಾ ಕಟ್ ಇಲ್ದೆ ಜೊತೆಗೇ ಹೋಗ್ತಾ ಇರುತ್ತೆ. ಹೀರೋ ಯಾರು ಅನ್ನೋದೇ ಅವಳಿಗೆ ಬೇಕಾಗಿಲ್ಲ, ಗೆಳತಿಯನ್ನ ಮನೆ ಬಿಡಿಸಿದಾರೆ, ಟ್ರಂಕ್ ಸಾಗಿಸ್ಬೇಕು, ಅಷ್ಟೇ ಅವಳ ಚಿಂತೆ. ಈ ಒಂದು ಶಾಟ್ ಬಗ್ಗೆ ಪೂರ್ತಿ ಪುಟ ಬರಿ, ಧಾರಾಳವಾಗಿ ಬರಿ.

ಗಾಬಾಂ ಹೆಂಡ್ತಿ ಅಂತ ಒಂದೇ ಸಾಲಲ್ಲಿ ಮುಗಿಸಿದ್ದೀಯಲ್ಲ, ಆ ಸಿನಿಮಾನೂ 1962ರದ್ದೇ. ಕುಡಿತ ಬಿಟ್ಟಿರೋ ಗಂಡ, ಹೋಟೆಲ್‌ಗೆ ಬಂದು ಇಳ್ಕೊಂಡಿರೋ ಕುಡುಕ ಹುಡುಗನ ಜೊತೆ ಸೇರಿ ಮತ್ತೆ ಶುರು ಮಾಡ್ಕೋತಾನೇನೋ ಅನ್ನೋ ಭಯ ಅವಳದ್ದು. ಆ ಭಯ ಇಲ್ದೇ ಇದ್ರೆ ಗಾಬಾಂ ಆಸೆಗೆ ತೂಕವೇ ಬರ್ತಿರ್ಲಿಲ್ಲ, ನನಗಂತೂ ಹಾಗೇ ಅನ್ಸುತ್ತೆ.

ಪ್ರಶಸ್ತಿಗಳನ್ನ ಕೊನೆಗೆ ಪಟ್ಟಿ ಮಾಡಿ ಹಾಕ್ಬೇಡ. 1961ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ಶ್ರೇಷ್ಠ ನಟಿ ಪ್ರಶಸ್ತಿ ಬಂದಿದ್ದು ತಾಯಿ ಪಾತ್ರಕ್ಕೆ. ಅದಕ್ಕೂ ಮುಂಚೆ 1953ರಲ್ಲಿ ರಂಗದ ಮೇಲೆ ನಾಟಕಕಾರ ಅನೂಯಿ ಬರೆದ ನಾಟಕದ ಜೋನ್ ಆಫ್ ಆರ್ಕ್ ಇವರೇ, ಅಂದ್ರೆ ನಾಟಕದಲ್ಲಿ ನಾಯಕಿ! ಇದು ಮೊದಲ ಪ್ಯಾರಾಕ್ಕೇ ಬರ್ಬೇಕಿತ್ತು. 1984ರಲ್ಲಿ ಪೋಷಕ ನಟಿಗೆ ಕೊಡೋ ಸೀಸರ್, ಅಂದ್ರೆ ಫ್ರಾನ್ಸ್‌ನ ಸಿನಿಮಾ ಪ್ರಶಸ್ತಿ, ಸಿಕ್ಕಿದ್ದು ಕಿವಿ ಕೇಳಿಸದ ಮುದುಕಿ ಪಾತ್ರಕ್ಕೆ, ಅದೇ ಸಿನಿಮಾಗೆ ಅಜಾನಿಗೂ ಶ್ರೇಷ್ಠ ನಟಿ ಸಿಕ್ತು. ಕಿವಿ ಕೇಳಿಸದವಳು ಎದುರಿನವರನ್ನ ಹೇಗೆ ನೋಡ್ತಾಳೆ ಅಂತ ಗಮನಿಸಿ ಅದನ್ನ ಬರಿ. ಎರಡನೇ ಸೀಸರ್ 1990ರಲ್ಲಿ, ಆಗ ಅವರಿಗೆ 72.

ಇನ್ನೊಂದು. 2005ರ ಜೂನ್‌ನಲ್ಲಿ ತೀರ್ಕೊಂಡ್ರು, ಕೊನೇ ಸಿನಿಮಾ ಮುಂದಿನ ವರ್ಷ ಬಂತು ಅಂತ ಹೇಳಿ ಲೇಖನ ಮುಗಿಸಿದ್ದೀಯ. ಅದನ್ನ ಮಧ್ಯಕ್ಕೆ ತಗೊಂಡ್ಹೋಗು, ಮುಗಿಸೋದಕ್ಕೆ ಯಾವುದಾದ್ರೂ ಒಂದು ದೃಶ್ಯ ಹುಡುಕು. ತಿದ್ದಿದ ಮೇಲೆ ಕಳ್ಸು, ಎಷ್ಟೇ ಕೆಲ್ಸ ಇದ್ರೂ ಓದ್ತೀನಿ.

ನಿನ್ನಕ್ಕ